ಬಾಟಲಿಯಲ್ಲಿ ಬಂದ ಹಿಮನದಿ

ನೀರಿನ ವಿಷಯದಲ್ಲಿ ನಾನು ಶುದ್ಧ ಅರಸಿಕನೆಂಬುದು ನನ್ನ ಹೆಂಡತಿಯ ಹಳೆಯ ದೂರು, ಮತ್ತು ಅದು ಸುಳ್ಳಲ್ಲ. ದಾವಣಗೆರೆಯ ನೀರಾವರಿ ಕಚೇರಿಯೊಂದರಲ್ಲಿ ಮೂವತ್ತೆರಡು ವರ್ಷ ಗುಮಾಸ್ತನಾಗಿ ಕುಳಿತು, ಭದ್ರಾ ನಾಲೆಯ ಕೊನೆಯಂಚಿನ ರೈತರು ನೀರು ಬಂದಿಲ್ಲವೆಂದು ಕೊಟ್ಟ ಅರ್ಜಿಗಳಿಗೆ ಹಿಂಬರಹ ಬರೆದವನಿಗೆ ಕೆರೆಯೆಂದರೆ ತೂಬು, ಕೋಡಿ, ಅದರ ನೀರುಣ್ಣುವ ಹೊಲಗಳ ಅಚ್ಚುಕಟ್ಟು, ಅಷ್ಟೇ. ಈಗಲೂ ಬೆಳಗಿನ ಹೊತ್ತು ಕುಂದವಾಡ ಕೆರೆಯ ಏರಿಯ ಮೇಲೆ ನಡೆಯುವಾಗ ಉಳಿದವರು ಸೂರ್ಯೋದಯವನ್ನು ನೋಡುತ್ತಾರೆ. ನಾನು ನಿನ್ನೆಗಿಂತ ನೀರು ಎಷ್ಟು ಅಂಗುಲ ಇಳಿದಿದೆಯೆಂದು ನೋಡುತ್ತೇನೆ. ಇಂಥವನನ್ನು ಕೆನಡಾದ ಕ್ಯಾಲ್ಗರಿಯಲ್ಲಿರುವ ನನ್ನ ಮಗ ಒಂದು ದಿನದ ಬಸ್ ಪ್ರವಾಸಕ್ಕೆ ಸೇರಿಸಿ, ಬೆಟ್ಟದ ಸರೋವರಗಳನ್ನೂ ಹಿಮನದಿಯನ್ನೂ ನೋಡಿ ಬರುವಂತೆ ಕಳುಹಿಸಿದ್ದು ತಂದೆಯ ಮೇಲಿನ ಪ್ರೀತಿಯಿಂದಲೇ ಇರಬೇಕು. ಟಿಕೆಟ್ಟಿನ ಬೆಲೆಯನ್ನು ಅವನು ಕೊನೆಯವರೆಗೂ ಹೇಳಲಿಲ್ಲ.

ಊರು ಬಿಡುವ ಮೊದಲೇ ಪಕ್ಕದ ಮನೆಯ ಮೇಷ್ಟ್ರು ನನ್ನ ತಲೆಗೆ ಒಂದು ಜವಾಬ್ದಾರಿ ಕಟ್ಟಿದ್ದರು. "ನಮ್ಮ ಗಂಗೆ ಹುಟ್ಟೋದೂ ಹಿಮನದಿಯೊಳಗೇ ಅಲ್ಲೇನ್ರೀ? ಯಾವ ದೇಶದ್ದಾದ್ರೂ ಹಿಮನದಿ ಹಿಮನದಿನೇ. ಒಂದು ಗುಟುಕು ನೀರು ತಂದ್ರೆ ಸಾಕು" ಎಂದಿದ್ದರು. ನಾನು ಒಪ್ಪಿಕೊಂಡೆ. ನನ್ನ ಹೆಂಡತಿ ತನ್ನ ಪಾಲಿನ ಸಿದ್ಧತೆಯಾಗಿ ಐದು ಲೀಟರಿನ ಡಬ್ಬಿಯ ತುಂಬ ಖಾರ ಮಂಡಕ್ಕಿ ಮಾಡಿ, ಶೇಂಗಾ, ಪುಟಾಣಿ, ಬೆಳ್ಳುಳ್ಳಿಯನ್ನು ಧಾರಾಳವಾಗಿ ಬೆರೆಸಿ, ವಿಮಾನ ಹತ್ತಿಸಿದ್ದಳು. ದಾವಣಗೆರೆಯವರು ಮಂಡಕ್ಕಿಯಿಲ್ಲದೆ ಪರಸ್ಥಳಕ್ಕೆ ಹೋಗುವುದಿಲ್ಲವೆಂಬುದನ್ನು ಇಲ್ಲಿ ವಿವರಿಸಬೇಕಾಗಿಲ್ಲ.

ಪ್ರವಾಸದ ದಿನ ಜುಲೈ ತಿಂಗಳಾದರೂ ನಾನು ಮಂಕಿ ಟೋಪಿ, ಮಗನ ಹಳೆಯ ದಪ್ಪ ಕೋಟು, ಎರಡು ಜೊತೆ ಕಾಲುಚೀಲಗಳಲ್ಲಿ ಬಸ್ಸನ್ನು ಹತ್ತಿದೆ. ಒಳಗಿದ್ದವರಲ್ಲಿ ಅರ್ಧದಷ್ಟು ಜನ ಚಡ್ಡಿಯಲ್ಲಿದ್ದರು. ನಮ್ಮ ಗೈಡ್ ಮೂವತ್ತರ ಆಸುಪಾಸಿನ ಹೆಣ್ಣುಮಗಳು. ನಗುಮುಖ, ಆದರೆ ಗಡಿಯಾರದ ವಿಷಯದಲ್ಲಿ ಹೆಡ್‌ಮಾಸ್ಟರಳು. ಹೊರಟ ಹತ್ತು ನಿಮಿಷದಲ್ಲೇ ಮೈಕು ಹಿಡಿದು, ಹೇಳಿದ ಹೊತ್ತಿಗೆ ಬಸ್ಸಿಗೆ ಮರಳಬೇಕು, ಕಾಡುಪ್ರಾಣಿಗಳಿಗೆ ಏನನ್ನೂ ತಿನ್ನಿಸಬಾರದು, ರಾಷ್ಟ್ರೀಯ ಉದ್ಯಾನದಿಂದ ಒಂದು ಕಲ್ಲನ್ನೂ ಹೂವನ್ನೂ ಎತ್ತಿಕೊಂಡು ಬರಬಾರದು ಎಂದು ತಿಳಿಸಿದಳು. ಪ್ರಾಣಿಗಳಿಗೆ ತಿನ್ನಿಸಿದರೆ ದಂಡ 25,000 ಡಾಲರುಗಳವರೆಗೆ ಹೋಗಬಹುದಂತೆ. ನಾನು ಮನಸ್ಸಿನಲ್ಲೇ ರೂಪಾಯಿಗೆ ಪರಿವರ್ತಿಸಿ ನೋಡಿದೆ. 15 ಲಕ್ಷ ದಾಟಿತು. ನೀರನ್ನು ಒಯ್ಯುವ ಬಗ್ಗೆ ಅವಳು ಏನೂ ಹೇಳಲಿಲ್ಲ. ನಿಯಮಾವಳಿಯಲ್ಲಿ ಹೇಳದೆ ಬಿಟ್ಟದ್ದನ್ನು ಗುರುತಿಸುವುದು ಗುಮಾಸ್ತನಾದವನಿಗೆ ಹುಟ್ಟುಗುಣ.

ಬ್ಯಾನ್ಫ್ ರಾಷ್ಟ್ರೀಯ ಉದ್ಯಾನ 1885ರಲ್ಲಿ ಆರಂಭವಾದದ್ದು, ಆ ದೇಶದಲ್ಲಿಯೇ ಮೊದಲನೆಯದು. ಅದರ ನಡುವೆ ಹಾದುಹೋಗುವ ಹೆದ್ದಾರಿಯ ಮೇಲೆ ಅಲ್ಲಲ್ಲಿ ಮಣ್ಣು ತುಂಬಿ, ಮರ ಬೆಳೆಸಿದ ಅಗಲವಾದ ಸೇತುವೆಗಳಿವೆ. ಕರಡಿ, ಕಡವೆ ಮೊದಲಾದವು ರಸ್ತೆಗಿಳಿಯದೆ ಆ ಕಡೆಯಿಂದ ಈ ಕಡೆಗೆ ಹೋಗಲೆಂದೇ ಅವುಗಳನ್ನು ಕಟ್ಟಿದ್ದಾರೆ. ನಮ್ಮ ಊರಿನಲ್ಲಿ ರೈಲ್ವೆ ಗೇಟು ಬಿದ್ದಾಗ ನಿಂತು ಕಳೆದ ಗಂಟೆಗಳೆಲ್ಲ ನೆನಪಾಗಿ, ಆ ಕರಡಿಗಳ ಬಗ್ಗೆ ನನಗೆ ಸ್ವಲ್ಪ ಅಸೂಯೆಯಾಯಿತು.

ಮೊದಲು ಇಳಿಸಿದ್ದು ಲೂಯಿಸ್ ಸರೋವರದ ದಡದಲ್ಲಿ. ವಿಕ್ಟೋರಿಯಾ ರಾಣಿಯ ಮಗಳು ಲೂಯಿಸಳ ಹೆಸರು ಅದಕ್ಕೆ. ಆಲ್ಬರ್ಟಾ ಪ್ರಾಂತಕ್ಕೂ ಅವಳದೇ ಇನ್ನೊಂದು ಹೆಸರು. ಸಮುದ್ರಮಟ್ಟದಿಂದ ಸುಮಾರು 1,730 ಮೀಟರ್ ಎತ್ತರದಲ್ಲಿ, ಎದುರಿಗೆ ಹಿಮ ಹೊತ್ತ ಬೆಟ್ಟ, ಅದರ ಕೆಳಗೆ ಹಾಲಿಗೆ ನೀಲಿ ಮತ್ತು ಹಸಿರನ್ನು ಕಲಸಿಟ್ಟಂಥ ನೀರು. ಹಿಮನದಿಯು ಜಾರುವಾಗ ತಳದ ಬಂಡೆಗಳನ್ನು ಅರೆದು ಅರೆದು ಮಾಡಿದ ನುಣ್ಣನೆಯ ಕಲ್ಲಿನ ಹಿಟ್ಟು ಬೇಸಿಗೆಯ ನೀರಿನೊಡನೆ ಸರೋವರಕ್ಕೆ ಬಂದು, ತಳಕ್ಕಿಳಿಯದೆ ತೇಲುತ್ತಿರುತ್ತದೆ. ಆ ಕಣಗಳ ಮೇಲೆ ಬಿಸಿಲು ಚದುರಿ ಈ ಬಣ್ಣ ಬರುತ್ತದೆ ಎಂದು ಗೈಡ್ ವಿವರಿಸಿದಳು. ಗಿರಣಿಯಲ್ಲಿ ರಾಗಿ ಬೀಸಿದಂತೆ ಎಂದು ನಾನು ಹೆಂಡತಿಗೆ ಅನುವಾದಿಸಿದೆ. ಎಲ್ಲರೂ ಮೌನವಾಗಿ ನೋಡುತ್ತಿದ್ದ ಆ ಹೊತ್ತಿನಲ್ಲಿ ನನ್ನೊಳಗಿನ ಕಚೇರಿ ಸುಮ್ಮನಿರಲಾರದೆ, ಇದರ ಅಚ್ಚುಕಟ್ಟು ಪ್ರದೇಶ ಎಷ್ಟು ಎಕರೆ ಎಂದು ನನ್ನ ಇಂಗ್ಲಿಷಿನಲ್ಲಿ ಕೇಳಿಬಿಟ್ಟೆ. ಗೈಡ್ ಎರಡು ಸಲ ಕೇಳಿಸಿಕೊಂಡಳು. ಆಮೇಲೆ, ಇಲ್ಲಿ ಯಾರೂ ಭತ್ತ ಬೆಳೆಯುವುದಿಲ್ಲ ಎಂಬರ್ಥದ ಮಾತನ್ನು ಬಹಳ ಮೃದುವಾಗಿ ಹೇಳಿ, ಪಕ್ಕದವರ ಫೋಟೋ ತೆಗೆಯಲು ಹೋದಳು. ನನ್ನ ಹೆಂಡತಿ ಐದು ನಿಮಿಷ ನನ್ನ ಪರಿಚಯವಿಲ್ಲದವಳಂತೆ ನಿಂತಿದ್ದಳು.

ಅಲ್ಲಿಂದ ಮುಂದಕ್ಕೆ ಜಾಸ್ಪರ್‌ವರೆಗೆ ಹೋಗುವ ಬೆಟ್ಟದ ರಸ್ತೆ ಸುಮಾರು 230 ಕಿಲೋಮೀಟರ್ ಉದ್ದವಿದೆ. ನಾವು ಅದರಲ್ಲಿ ಅರ್ಧಕ್ಕಿಂತ ತುಸು ಹೆಚ್ಚು ದೂರ ಹೋಗಬೇಕಿತ್ತು. ಬೋ ಸರೋವರದ ಬಳಿ ಹದಿನೈದು ನಿಮಿಷ ಬಿಡುವು ಸಿಕ್ಕಿತು. ಅದರ ಮೇಲೆಯೇ ಬೋ ಹಿಮನದಿ. ಹಿಮನದಿಯ ನೀರು ನೇರವಾಗಿ ಕಾಲ ಬುಡಕ್ಕೆ ಬಂದಿರುವಾಗ ಮೇಷ್ಟ್ರ ಕೆಲಸವನ್ನು ಇಲ್ಲಿಯೇ ಮುಗಿಸುವುದು ಜಾಣತನವೆಂದು ಬಗೆದು, ಜನರಿಂದ ದೂರ ಸರಿದು, ದಡದ ಕಲ್ಲಿನ ಮೇಲೆ ಕುಕ್ಕರುಗಾಲಿನಲ್ಲಿ ಕುಳಿತು, ಅರ್ಧ ಲೀಟರಿನ ಪ್ಲಾಸ್ಟಿಕ್ ಬಾಟಲಿಯನ್ನು ಮುಳುಗಿಸಿದೆ. ಬಾಟಲಿ ತುಂಬುವಷ್ಟರಲ್ಲಿ ನನ್ನ ಬೆರಳುಗಳು ನನ್ನವೆಂಬ ಗುರುತೇ ಉಳಿಯಲಿಲ್ಲ. ಆ ಮರಗಟ್ಟಿದ ಬೆರಳುಗಳಿಂದ ಮುಚ್ಚಳವನ್ನು ತಿರುಗಿಸಿ, ಬಿಗಿಯಾಯಿತೆಂದು ನಂಬಿ, ಬಾಟಲಿಯನ್ನು ಕೋಟಿನ ಉದ್ದ ಜೇಬಿಗೆ ಇಳಿಸಿಕೊಂಡು ಬಸ್ಸಿಗೆ ಬಂದೆ. ಅದು ಬಿಗಿಯಾಗಿರಲಿಲ್ಲವೆಂಬುದು ಈ ಬರಹದ ಮುಂದಿನ ಭಾಗಕ್ಕೆ ಮುಖ್ಯವಾದ ಸಂಗತಿ.

ಅದಕ್ಕೂ ಮೊದಲು ಮಂಡಕ್ಕಿಯ ಪ್ರಕರಣ. ಪೇಟೋ ಸರೋವರವನ್ನು ಮೇಲಿನಿಂದ ನೋಡಬೇಕು; ಸುಮಾರು 2,070 ಮೀಟರ್ ಎತ್ತರದ ಕಣಿವೆದಾರಿಯಲ್ಲಿ ಬಸ್ಸಿಳಿದು ಕಾಡಿನ ಏರುದಾರಿಯಲ್ಲಿ ಹದಿನೈದು ನಿಮಿಷ ನಡೆದರೆ ಕಟ್ಟೆಯಂಥ ಜಾಗವೊಂದು ಸಿಗುತ್ತದೆ. ಕೆಳಗೆ ತೋಳದ ತಲೆಯ ಆಕಾರದಲ್ಲಿ, ಲೂಯಿಸ್‌ಗಿಂತಲೂ ಗಾಢವಾದ ನೀಲಿ ನೀರು. ಏರು ಹತ್ತಿ ಎದುಸಿರು ಬಿಡುತ್ತಿದ್ದ ನನ್ನನ್ನು ನೋಡಿ ಮರುಕಗೊಂಡ ಹೆಂಡತಿ, "ಹೊಟ್ಟೆ ಖಾಲಿಯಾಗೇತಿ, ಅದಕ್ಕೇ ದಮ್ಮು ಹತ್ತೈತಿ, ಎರಡು ತುತ್ತು ಬಾಯಿಗೆ ಹಾಕ್ಕೊಳ್ರಿ" ಎಂದು ಚೀಲದಿಂದ ಮಂಡಕ್ಕಿಯ ಪೊಟ್ಟಣವನ್ನು ತೆಗೆದು ಬಿಚ್ಚಿದಳು. ಮಂಡಕ್ಕಿಯ ತೂಕ ಎಷ್ಟೆಂದು ಓದುಗರಿಗೆ ಗೊತ್ತು. ಕಣಿವೆಯಿಂದ ಎದ್ದ ಒಂದೇ ಒಂದು ಗಾಳಿಯ ಬೀಸಿಗೆ ದಾವಣಗೆರೆಯ ಖಾರ ಮಂಡಕ್ಕಿ ರಾಕಿ ಪರ್ವತಗಳ ಮೇಲೆ ಅಕ್ಷತೆಯಂತೆ ಹರಡಿಹೋಯಿತು. ಕೆಲವು ಕಾಳು ಮುಂದೆ ನಿಂತಿದ್ದ ಎತ್ತರದ ಗಂಡಸಿನ ಗುಂಗುರು ಕೂದಲಿನಲ್ಲಿ ನೆಲೆನಿಂತವು. ಅವನಿಗೆ ಅದು ತಿಳಿಯಲಿಲ್ಲ, ಸಂಜೆಯವರೆಗೂ ತಿಳಿಯಲಿಲ್ಲ.

ಎಲ್ಲಿದ್ದವೋ ಏನೋ, ಬೂದು ಮೈಯ ಕಪ್ಪು ರೆಕ್ಕೆಯ ಎರಡು ಹಕ್ಕಿಗಳು ಬೇಲಿಯ ಮೇಲೆ ಬಂದು ಕುಳಿತವು. ಅಳಿಲಿನ ಜಾತಿಯದೊಂದು ಬಂಡೆಯ ಸಂದಿನಿಂದ ತಲೆ ಹೊರಹಾಕಿತು. ನನ್ನ ಕಣ್ಣ ಮುಂದೆ 25,000 ಡಾಲರ್ ಎಂಬ ಅಂಕಿ ಸೊನ್ನೆಗಳ ಸಮೇತ ನಿಂತಿತು. ಗೈಡ್ ಬಂದು ನೋಡಿ, ಇದು ಅಪಘಾತವೆಂದು ತನಗೆ ಅರ್ಥವಾಗುತ್ತದೆ, ಆದರೆ ದಯವಿಟ್ಟು ಒಂದನ್ನೂ ಬಿಡದೆ ಆರಿಸಬೇಕು ಎಂದಳು. ಮನುಷ್ಯರ ತಿಂಡಿಯ ರುಚಿ ಹತ್ತಿದ ಪ್ರಾಣಿ ತನ್ನ ಆಹಾರ ಹುಡುಕುವುದನ್ನು ಬಿಟ್ಟು ಜನರ ಬಳಿಗೇ ಬರುತ್ತದೆ, ಕರಡಿಗಾದರೆ ಆ ಚಟ ಅದರ ಪ್ರಾಣಕ್ಕೇ ಎರವಾಗುತ್ತದೆ ಎಂಬ ಕಾರಣವನ್ನೂ ಹೇಳಿದಳು. ಮಾತು ನ್ಯಾಯವಾದದ್ದೇ. ಹೀಗಾಗಿ ಜಗತ್ತಿನ ಮೂಲೆ ಮೂಲೆಗಳಿಂದ ಬಂದ ಜನ ಬೆಟ್ಟದ ಕಡೆ ಮುಖ ಮಾಡಿ ಫೋಟೋ ತೆಗೆಸಿಕೊಳ್ಳುತ್ತಿದ್ದಾಗ, ನಾವಿಬ್ಬರು ಬೆಟ್ಟಕ್ಕೆ ಬೆನ್ನು ಮಾಡಿ, ಮಂಡಿಯೂರಿ, ಹಕ್ಕಿಗಳೊಡನೆ ಪೈಪೋಟಿಗಿಳಿದು ಮಂಡಕ್ಕಿ ಆರಿಸಿದೆವು. ಶೇಂಗಾ ಸುಲಭವಾಗಿ ಸಿಕ್ಕಿತು. ಒಗ್ಗರಣೆಯ ಕರಿಬೇವಿನ ಎಲೆಯೊಂದು ಅಲ್ಲಿಯ ಗಿಡದ ಎಲೆಯೋ ನಮ್ಮದೋ ಎಂಬ ಚರ್ಚೆಯಾಗಿ, ಮೂಸಿ ನೋಡಿ ತೀರ್ಮಾನಿಸಬೇಕಾಯಿತು. ಜಪಾನಿನವಳೆಂದು ತೋರಿದ ಒಬ್ಬ ಅಜ್ಜಿ ಏನೂ ಕೇಳದೆ ಬಗ್ಗಿ ನಮ್ಮೊಡನೆ ಆರಿಸತೊಡಗಿದಳು. ಕೊನೆಗೆ ತನ್ನ ಪಾಲಿನ ಹಿಡಿ ಮಂಡಕ್ಕಿಯನ್ನು ಎರಡೂ ಕೈಗಳಿಂದ ನನ್ನ ಹೆಂಡತಿಗೆ ಒಪ್ಪಿಸಿ ತಲೆಬಾಗಿದಳು. ನಾವು ಬಸ್ಸಿಗೆ ಹದಿನೆಂಟು ನಿಮಿಷ ತಡವಾಗಿ ಬಂದೆವು. ಆ ಸರೋವರವನ್ನು ನಾನು ಸರಿಯಾಗಿ ನೋಡಿದ್ದು ಕ್ಯಾಲ್ಗರಿಗೆ ಮರಳಿದ ಮೇಲೆ, ಮಗನ ಮನೆಯ ಕ್ಯಾಲೆಂಡರಿನಲ್ಲಿ.

ಬಸ್ಸು ಹೊರಟು ಅರ್ಧ ಗಂಟೆಯಾಗಿರಬೇಕು. ನನ್ನ ಎಡತೊಡೆಗೆ ತಣ್ಣಗೆ ಏನೋ ತಾಗಿದಂತಾಯಿತು. ಕೋಟಿನ ಜೇಬಿನಲ್ಲಿ ಮೇಷ್ಟ್ರ ತೀರ್ಥ ತನ್ನ ದಾರಿ ತಾನು ಕಂಡುಕೊಂಡು, ಪ್ಯಾಂಟನ್ನು ದಾಟಿ, ಆಸನವನ್ನು ತೋಯಿಸಿ, ನೆಲಕ್ಕೆ ಸಣ್ಣದೊಂದು ಕಾಲುವೆ ತೋಡಿಕೊಂಡು ಹೋಗುತ್ತಿತ್ತು. ತೂಬು ಸೋರುವುದರ ಬಗ್ಗೆ ಮೂವತ್ತೆರಡು ವರ್ಷ ಟಿಪ್ಪಣಿ ಬರೆದವನಿಗೆ ಸ್ವಂತ ಜೇಬಿನ ತೂಬು ಸೋರುವುದು ತಿಳಿಯಲಿಲ್ಲ. ಪಕ್ಕದ ಸಾಲಿನ ಹೆಂಗಸು ಆ ಕಾಲುವೆಯನ್ನು ನೋಡಿದಳು, ನನ್ನ ನರೆತ ತಲೆಯನ್ನು ನೋಡಿದಳು, ತನ್ನ ಚೀಲವನ್ನು ಮೆಲ್ಲಗೆ ಎತ್ತಿ ಮಡಿಲಲ್ಲಿಟ್ಟುಕೊಂಡಳು. ನಾನು ಗಾಬರಿಯಿಂದ "ಗ್ಲೇಸಿಯರ್ ವಾಟರ್, ಗ್ಲೇಸಿಯರ್ ವಾಟರ್" ಎಂದೆ. ಆಕೆ ಮಕ್ಕಳನ್ನು ಸಮಾಧಾನಪಡಿಸುವ ದನಿಯಲ್ಲಿ, ಹೌದು, ಹೌದು, ಎಂದಳು. ಬಾಟಲಿಯನ್ನು ತೆಗೆದು ತೋರಿಸಿದರೆ ಎಲ್ಲ ಸರಿಹೋಗುತ್ತದೆಯೆಂದು ತೆಗೆದೆ. ಅರ್ಧ ತುಂಬಿದ ಬಾಟಲಿ ಅವರ ಅನುಮಾನವನ್ನು ಇನ್ನೊಂದು ದಿಕ್ಕಿಗೆ ಬೆಳೆಸಿತೆಂದು ಅವರ ಮುಖಗಳಿಂದ ತಿಳಿಯಿತು. ಸ್ವಲ್ಪ ಹೊತ್ತಿನಲ್ಲಿ ಗೈಡ್ ಮೈಕು ಹಿಡಿದು, ಕಾರ್ಯಕ್ರಮದಲ್ಲಿ ಇಲ್ಲದಿದ್ದರೂ ಎಲ್ಲರ ಅನುಕೂಲಕ್ಕಾಗಿ ಶೌಚಾಲಯವಿರುವ ಕಡೆ ಈಗ ಐದು ನಿಮಿಷ ನಿಲ್ಲುತ್ತೇವೆ ಎಂದಳು. ಬಸ್ಸು ನಿಂತಿತು. ಯಾರೂ ಏಳಲಿಲ್ಲ, ಎಲ್ಲರೂ ಕಿಟಕಿಯ ಹೊರಗೆ ನೋಡುತ್ತಾ ನನಗಾಗಿ ಕಾದರು. ಇಳಿಯದಿದ್ದರೆ ಅವರ ಸೌಜನ್ಯಕ್ಕೆ ಅಪಮಾನವೆಂದು ನಾನು ಇಳಿದು, ಒಳಗೆ ಹೋಗಿ ಸುಮ್ಮನೆ ಇನ್ನೂರರವರೆಗೆ ಎಣಿಸಿ ಬಂದೆ. "ಯಾಕೆ ಇಳಿದ್ರಿ?" ಎಂದು ಹೆಂಡತಿ ಕೇಳಿದ್ದಕ್ಕೆ ಉತ್ತರ ಕೊಡಲಿಲ್ಲ.

ಅಥಬಾಸ್ಕಾ ಹಿಮನದಿಗೆ ಹೋಗಲು ಬೇರೆಯೇ ವಾಹನ. ಆರು ಚಕ್ರಗಳು, ಒಂದೊಂದೂ ನನ್ನ ಎದೆಯೆತ್ತರಕ್ಕೆ ಬರುವಂಥವು. ಗೋಡೆಯಂಥ ಇಳಿಜಾರಿನಲ್ಲಿ ಅದು ಇಳಿದು ಮಂಜುಗಡ್ಡೆಯ ಮೇಲೆ ನಿಂತಾಗ ಒಳಗಿದ್ದ ಎಲ್ಲ ಭಾಷೆಗಳ ದೇವರುಗಳೂ ಒಮ್ಮೆ ನೆನಪಿಗೆ ಬಂದಿರಬೇಕು. ಕೊಲಂಬಿಯಾ ಹಿಮಪ್ರದೇಶದಿಂದ ಇಳಿದು ಬರುವ ನಾಲಗೆ ಈ ಹಿಮನದಿ. ಉದ್ದ ಸುಮಾರು 6 ಕಿಲೋಮೀಟರ್. ಮೇಲಿನ ಆ ಹಿಮಪ್ರದೇಶದ ನೀರು ಮೂರು ಸಾಗರಗಳಿಗೆ ಪಾಲಾಗುತ್ತದೆ, ಪೆಸಿಫಿಕ್, ಆರ್ಕ್‌ಟಿಕ್ ಮತ್ತು ಹಡ್ಸನ್ ಕೊಲ್ಲಿಯ ಮೂಲಕ ಅಟ್ಲಾಂಟಿಕ್. ಎರಡು ರಾಜ್ಯಗಳಿಗೆ ಹಂಚಲಾಗದೆ ನ್ಯಾಯಮಂಡಳಿಗಳನ್ನು ಕೂರಿಸಿದ ನಾಡಿನವನಾಗಿ ನಾನು ಆ ಹಂಚಿಕೆಯನ್ನು ಗೌರವದಿಂದ ಕೇಳಿಸಿಕೊಂಡೆ. ರಸ್ತೆಬದಿಯ ಕಾಲುದಾರಿಯಲ್ಲಿ ಯಾವ ವರ್ಷ ಹಿಮದ ಅಂಚು ಎಲ್ಲಿತ್ತೆಂದು ತೋರಿಸುವ ಫಲಕಗಳನ್ನು ನೆಟ್ಟಿದ್ದಾರೆ. 125 ವರ್ಷಗಳಲ್ಲಿ ಅದು ಒಂದೂವರೆ ಕಿಲೋಮೀಟರಿಗಿಂತ ಹೆಚ್ಚು ಹಿಂದೆ ಸರಿದಿದೆ. ಕೆರೆಯ ನೀರು ಅಂಗುಲಗಳಲ್ಲಿ ಇಳಿಯುವುದನ್ನು ಲೆಕ್ಕ ಹಾಕುವವನಿಗೆ ಆ ಫಲಕಗಳ ನಡುವಿನ ಬರಿಯ ಜಲ್ಲಿಯನ್ನು ನೋಡಿದಾಗ ತಮಾಷೆಯ ಮಾತು ಹೊಳೆಯಲಿಲ್ಲ.

ಆದರೆ ಪ್ಯಾಂಟು ಇನ್ನೂ ಒದ್ದೆಯೇ ಇತ್ತು. ಗುರುತು ಹಾಕಿದ ಸುರಕ್ಷಿತ ಜಾಗದಲ್ಲಿ ಎಲ್ಲರೂ ಓಡಾಡುತ್ತಿದ್ದಾಗ ನನಗೊಂದು ಉಪಾಯ ಹೊಳೆಯಿತು: ಎಲ್ಲರ ಕಣ್ಣೆದುರಿಗೆ ಒಮ್ಮೆ ಜಾರಿ ಕುಳಿತರೆ ಒದ್ದೆಗೆ ಗೌರವಾನ್ವಿತವಾದ ಕಾರಣ ಸಿಗುತ್ತದೆ. ಪಕ್ಕದ ಸಾಲಿನ ಹೆಂಗಸು ಈ ಕಡೆ ತಿರುಗುವುದನ್ನೇ ಕಾದು, "ಅಯ್ಯೋ" ಎಂದು ಮಂಜುಗಡ್ಡೆಯ ಮೇಲೆ ಕುಳಿತೆ. ಕುಳಿತ ಮೇಲೆ ಏಳಲಾಗಲಿಲ್ಲ. ಹಿಮ ನಿಜವಾಗಿಯೂ ಜಾರುತ್ತದೆ. ಗೈಡ್ ಓಡಿ ಬಂದಳು, ಗುಂಗುರು ಕೂದಲಿನವನು ಮಂಡಕ್ಕಿ ಸಮೇತ ಓಡಿ ಬಂದ, ಇಬ್ಬರೂ ತೋಳು ಹಿಡಿದು ಎತ್ತಿದರು. ಅಲ್ಲಿಯವರೆಗೆ ನಾನು ಮೂತ್ರ ತಡೆಯಲಾರದ ಮುದುಕನಾಗಿದ್ದೆ. ಅಲ್ಲಿಂದ ಮುಂದೆ ಕಾಲೂ ನಿಲ್ಲದ ಮುದುಕನಾದೆ. ಮರಳುವ ದಾರಿಯಲ್ಲಿ ನನಗೆ ಮುಂದಿನ ಸೀಟನ್ನು ಬಿಟ್ಟುಕೊಟ್ಟು, ಕೆಳಗೆ ಪ್ಲಾಸ್ಟಿಕ್ ಹಾಳೆಯನ್ನು ಹಾಸಿದ್ದರು.

ರಾತ್ರಿ ಒಂಬತ್ತಾದರೂ ಬೆಳಕಿದ್ದ ಕ್ಯಾಲ್ಗರಿಯ ಮನೆಯಲ್ಲಿ ಉಳಿದ ಅರ್ಧ ಬಾಟಲಿಯನ್ನು ಮೇಜಿನ ಮೇಲಿಟ್ಟೆ. ಮಗ ಎಲ್ಲಿ ತುಂಬಿಸಿದಿರಿ ಎಂದು ಕೇಳಿದ, ಹೇಳಿದೆ. ಅವನು ಅಡುಗೆಮನೆಯ ಕೊಳಾಯಿಯನ್ನು ತಿರುಗಿಸಿ, "ಅಪ್ಪಾ, ಬೋ ಸರೋವರದಿಂದ ಹೊರಡೋದೇ ಬೋ ನದಿ. ಈ ಊರಿಗೆ ಕುಡಿಯೋಕೆ ಬರೋದೂ ಅದೇ. ಒಂದು ತಿಂಗಳಿಂದ ನೀವು ಸ್ನಾನ ಮಾಡ್ತಿರೋದು ಇದರಲ್ಲೇ" ಎಂದ. ಊರು ದಾಟಿದ ಮೇಲೆ ಅದೇ ನದಿಯಿಂದ ನಾಲೆಗಳು ಹೊರಟು ಹೊಲಗಳಿಗೆ ನೀರುಣಿಸುತ್ತವೆಯಂತೆ, ಲೂಯಿಸ್ ಸರೋವರದ ಹೊರಹರಿವೂ ಬಂದು ಸೇರುವುದು ಅದಕ್ಕೇ ಅಂತೆ. ಹಾಗಾದರೆ ನನ್ನ ಅಚ್ಚುಕಟ್ಟಿನ ಪ್ರಶ್ನೆ ಸರಿಯಾಗಿಯೇ ಇತ್ತು. ಕೊನೆಯಂಚಿನ ರೈತರಿಗೆ ನೀರು ಮುಟ್ಟುತ್ತದೆಯೇ ಎಂದು ಕೇಳಿದೆ. ಮಗ ಮಲಗಲು ಹೋದ.

ಬಾಟಲಿ ಫ್ರಿಜ್ಜಿನಲ್ಲಿ ಮೂರು ವಾರ ಕುಳಿತಿತ್ತು. ಹೊರಡುವ ಹಿಂದಿನ ದಿನ ತೆಗೆದು ನೋಡಿದರೆ ತಳದಲ್ಲಿ ಬೂದಿ ಸವರಿದಂಥ ತೆಳುವಾದ ಪದರ ಕಂಡಿತು. ದಡದಲ್ಲಿ ನೀವೇ ಕದಡಿದ ಮಣ್ಣು ಎಂದು ಮಗ ಹೇಳಿದ. ನಾನು ಮಾತ್ರ ಅದು ಹಿಮನದಿ ಬೀಸಿದ ಕಲ್ಲಿನ ಹಿಟ್ಟೇ ಎಂದು ನಿರ್ಧರಿಸಿದ್ದೆ, ಏಕೆಂದರೆ ಕೊಳಾಯಿಯ ನೀರಿನಲ್ಲಿ ಅದು ಇರಲಿಲ್ಲ. ನೀರನ್ನು ಜೋಪಾನವಾಗಿ ಬಸಿದು, ಪದರವನ್ನು ಒಣಗಿಸಿ, ಬಾಟಲಿಯನ್ನು ಬಟ್ಟೆಗಳ ನಡುವೆ ಸುತ್ತಿ ದಾವಣಗೆರೆಗೆ ತಂದೆ. ಸುದ್ದಿ ಕೇಳಿದ ಮೇಷ್ಟ್ರು ನೀರಿಗಿಂತ ಇದೇ ಮೇಲು, ವಿಭೂತಿಯಂತೆ ಹಣೆಗೇ ಇಟ್ಟುಕೊಳ್ಳಬಹುದು ಎಂದು ಹಿಗ್ಗಿ, ಸೋಮವಾರ ಬೆಳಿಗ್ಗೆ ಮಡಿಯುಟ್ಟು ಬಂದು ಜಗಲಿಯ ಮೇಲೆ ಕುಳಿತರು. ನಾನು ಒಳಗೆ ಹೋಗಿ ಬಾಟಲಿ ಎಲ್ಲಿ ಎಂದು ಕೇಳಿದೆ.

"ತಳ ಎಲ್ಲ ಗಲೀಜಾಗಿತ್ರೀ" ಎಂದಳು ಹೆಂಡತಿ, ಒಲೆಯ ಕಡೆಯಿಂದ ತಿರುಗದೆ. "ಹಿಡಿ ಅಕ್ಕಿ, ಉಪ್ಪು ಹಾಕಿ ಕುಲುಕಿ ಕುಲುಕಿ ತೊಳೆದೆ ನೋಡ್ರಿ, ಹೊಸದರ ಹಂಗಾತು." ಅದರಲ್ಲಿ ಆಗಲೇ ಶೇಂಗಾ ಎಣ್ಣೆ ತುಂಬಿತ್ತು.