ಕೆನಡಾದ ಇಂಡಿಯನ್ ಆಕ್ಟ್ ರದ್ದಾಗಬೇಕೆ?

ಪರ

ಇಲ್ಲಿ 'ಇಂಡಿಯನ್' ಎಂದರೆ ಭಾರತೀಯರಲ್ಲ, ಕೆನಡಾದ ಮೂಲನಿವಾಸಿಗಳು. 1876ರಲ್ಲಿ ಕೆನಡಾದ ಸಂಸತ್ತು ಅಂಗೀಕರಿಸಿದ ಇಂಡಿಯನ್ ಆಕ್ಟ್ ಹಲವು ತಿದ್ದುಪಡಿಗಳನ್ನು ಕಂಡು ಇಂದಿಗೂ ಜಾರಿಯಲ್ಲಿದೆ. ಯಾರು ಮೂಲನಿವಾಸಿ, ಯಾರು ಅಲ್ಲ ಎಂಬುದನ್ನು ಅವರ ಕುಲವಾಗಲಿ ಬಂಧುಬಳಗವಾಗಲಿ ಅಲ್ಲ, ಸರ್ಕಾರದ ಪಟ್ಟಿಯೇ ತೀರ್ಮಾನಿಸುತ್ತದೆ ಎಂಬುದು ಇದರ ತಳಹದಿ. ಈ ತಳಹದಿ ಉಳಿದಿರುವವರೆಗೆ ಎಷ್ಟು ತಿದ್ದಿದರೂ ಪ್ರಯೋಜನವಿಲ್ಲ.

ಪೆಸಿಫಿಕ್ ಕರಾವಳಿಯ ಜನ ಮದುವೆ, ನಾಮಕರಣ, ಉತ್ತರಾಧಿಕಾರಗಳನ್ನು ಊರೆದುರು ಸಾರಿ, ಬಂದವರಿಗೆಲ್ಲ ಸಂಪತ್ತು ಹಂಚುತ್ತಿದ್ದ ಸಮಾರಂಭ ಪಾಟ್‌ಲ್ಯಾಚ್. ಕೂಡಿಡುವುದಕ್ಕಿಂತ ಕೊಡುವುದೇ ದೊಡ್ಡಸ್ತಿಕೆ ಎನ್ನುವ ಆ ಪದ್ಧತಿಯನ್ನು 1884ರ ತಿದ್ದುಪಡಿ ಅಪರಾಧವೆಂದು ಸಾರಿತು. 1921ರಲ್ಲಿ ಆ ಕರಾವಳಿಯ ವಿಲೇಜ್ ಐಲೆಂಡ್‌ನಲ್ಲಿ ಪಾಟ್‌ಲ್ಯಾಚ್ ನಡೆಸಿದವರ ಮೇಲೆ ಮೊಕದ್ದಮೆ ಹೂಡಿ ಹಲವರನ್ನು ಜೈಲಿಗೆ ಕಳುಹಿಸಲಾಯಿತು. ಅವರ ಮುಖವಾಡಗಳೂ ತಾಮ್ರದ ಫಲಕಗಳೂ ದೂರದ ಮ್ಯೂಸಿಯಂಗಳ ಪಾಲಾದವು. ಮಕ್ಕಳನ್ನು ಮನೆಯಿಂದ ಬೇರ್ಪಡಿಸಿ ವಸತಿ ಶಾಲೆಗಳಿಗೆ ಸೇರಿಸುವ ಒತ್ತಾಯಕ್ಕೆ 1920ರ ತಿದ್ದುಪಡಿ ಬಲ ಕೊಟ್ಟಿತು. ಕಳೆದುಕೊಂಡ ನೆಲಕ್ಕಾಗಿ ದಾವೆ ಹೂಡಲು, ಸರ್ಕಾರದ ಅನುಮತಿಯಿಲ್ಲದೆ ಹಣ ಕೂಡಿಸುವುದನ್ನು 1927ರ ಕಲಮು ಅಪರಾಧವಾಗಿಸಿತು. ಅನ್ಯಾಯ ಮಾಡಿದವರೇ ನ್ಯಾಯಾಲಯದ ದಾರಿಯನ್ನೂ ಮುಚ್ಚಿದ ಈ ಕಲಮು 1951ರವರೆಗೆ ಉಳಿಯಿತು.

ಇದೆಲ್ಲ ಹಳೆಯ ಮಾತು ಎನ್ನುವಂತಿಲ್ಲ. ಸರ್ಕಾರದ ಪಟ್ಟಿಯ ಹೊರಗಿನವನನ್ನು ಮದುವೆಯಾದ ಹೆಣ್ಣು 1985ರವರೆಗೂ ಆ ಪಟ್ಟಿಯಲ್ಲಿನ ತನ್ನ ಕಾನೂನಾತ್ಮಕ ಸ್ಥಾನವನ್ನು ಕಳೆದುಕೊಳ್ಳುತ್ತಿದ್ದಳು. ಗಂಡಿಗೆ ಆ ಶಿಕ್ಷೆ ಇರಲಿಲ್ಲ. ಹೀಗೆ ಸ್ಥಾನ ಕಳೆದುಕೊಂಡಿದ್ದ ಸಾಂಡ್ರಾ ಲವ್‌ಲೇಸ್ ವಿಶ್ವಸಂಸ್ಥೆಯ ಮಾನವ ಹಕ್ಕುಗಳ ಸಮಿತಿಯ ಮೊರೆಹೊಕ್ಕು 1981ರಲ್ಲಿ ಗೆದ್ದ ಮೇಲೆ ಇದನ್ನು ಸರಿಪಡಿಸಲು ಬಂದ ತಿದ್ದುಪಡಿ, ಸತತ ಎರಡು ತಲೆಮಾರು ಹೊರಗೆ ಮದುವೆಯಾದರೆ ಮೂರನೆಯ ತಲೆಮಾರಿಗೆ ಸ್ಥಾನವಿಲ್ಲ ಎಂಬ ಹೊಸ ಗೆರೆಯನ್ನು ಎಳೆಯಿತು. ಒಂದು ಜನಾಂಗವನ್ನು ಲೆಕ್ಕದ ಪುಸ್ತಕದಲ್ಲೇ ಕರಗಿಸಬಲ್ಲ ಕಾನೂನು ಇರಕೂಡದು.

ವಿರೋಧ

ಮೇಲಿನ ಒಂದು ಮಾತನ್ನೂ ಅಲ್ಲಗಳೆಯದೆ, ರದ್ದತಿ ಬೇಡವೆನ್ನುತ್ತೇನೆ. 1969ರಲ್ಲಿ ಪಿಯರ್ ಟ್ರುಡೊ ಸರ್ಕಾರ ಶ್ವೇತಪತ್ರ ಹೊರಡಿಸಿ, ಎಲ್ಲರೂ ಸಮಾನ ಪ್ರಜೆಗಳೇ ಆದ್ದರಿಂದ ಈ ಕಾಯ್ದೆಯನ್ನೂ ಪ್ರತ್ಯೇಕ ಸ್ಥಾನವನ್ನೂ ತೆಗೆಯೋಣ ಎಂದಿತು. ಕಾಯ್ದೆಯಿಂದ ನೊಂದವರೇ ಆ ಪ್ರಸ್ತಾಪವನ್ನು ಒಗ್ಗಟ್ಟಾಗಿ ವಿರೋಧಿಸಿದರು. ಆಲ್ಬರ್ಟಾ ಪ್ರಾಂತದ ಮೂಲನಿವಾಸಿ ಮುಖಂಡರು 1970ರಲ್ಲಿ ತಮ್ಮ ಉತ್ತರವನ್ನು ಬರೆದು ಒಪ್ಪಿಸಿದರು, ಸರ್ಕಾರ ಹಿಂದೆ ಸರಿಯಿತು. ಸರ್ಕಾರದೊಡನೆ ಮಾಡಿಕೊಂಡ ಒಪ್ಪಂದಗಳಿಂದ ಬಂದ ಹಕ್ಕನ್ನು ಸಮಾನತೆಯ ಹೆಸರಿನಲ್ಲಿ ಅಳಿಸುವುದು, ಮೂಲನಿವಾಸಿಗಳನ್ನು ಉಳಿದವರಲ್ಲಿ ಕರಗಿಸುವ ವಿಲೀನದ ಹಳೆಯ ನೀತಿಯೇ ಎಂಬುದನ್ನು ಅವರು ಗುರುತಿಸಿದ್ದರು.

ಈ ಕಾಯ್ದೆಯಡಿ ಮೀಸಲು ನೆಲ ಸಮುದಾಯದ ಬಳಕೆಗೆಂದೇ ಇರುತ್ತದೆ, ಸಾಲ ಕೊಟ್ಟ ಹೊರಗಿನವರು ಅದನ್ನು ಜಪ್ತಿ ಮಾಡಿಸಲಾರರು. ಇದು ಸ್ವಾತಂತ್ರ್ಯವನ್ನು ಕಟ್ಟಿಹಾಕುವ ರಕ್ಷಣೆ, ನಿಜ. ಆದರೆ ನೆರೆಯ ಅಮೆರಿಕ 1887ರ ಡಾಸ್ ಆಕ್ಟ್ ಮೂಲಕ ಬುಡಕಟ್ಟಿನ ನೆಲವನ್ನು ವ್ಯಕ್ತಿಗಳಿಗೆ ಹಂಚಿ, ಮಿಕ್ಕಿದ್ದನ್ನು ಮಾರಾಟಕ್ಕಿಟ್ಟಾಗ, ಸುಮಾರು 13.8 ಕೋಟಿ ಎಕರೆ ಇದ್ದದ್ದು 1934ರ ಹೊತ್ತಿಗೆ 4.8 ಕೋಟಿಗೆ ಇಳಿಯಿತು. ನಮ್ಮ ನಾಡಿನದೂ ಒಂದು ಪಾಠವಿದೆ: ಕೆಲವು ಸಮುದಾಯಗಳನ್ನು ಹುಟ್ಟಿನಿಂದಲೇ ಅಪರಾಧಿಗಳೆಂದು ಸಾರಿ ಬ್ರಿಟಿಷರು 1871ರಲ್ಲಿ ಮಾಡಿದ ಕ್ರಿಮಿನಲ್ ಟ್ರೈಬ್ಸ್ ಆಕ್ಟ್ 1952ರಲ್ಲಿ ರದ್ದಾದರೂ, ಅದರ ಜಾಗಕ್ಕೆ ರೂಢಿಗತ ಅಪರಾಧಿಗಳ ಕಾಯ್ದೆಗಳು ಬಂದವು, ಕಳಂಕ ಉಳಿಯಿತು. ಹೆಸರು ಅಳಿಸುವುದು ಸುಲಭ. ಅದರ ಬದಲಿಗೆ ಏನು ಬರಬೇಕೆಂದು ಹೇಳುವ ಅಧಿಕಾರ ಯಾರದು ಎಂಬುದೇ ಮುಖ್ಯ.

ಪೆಸಿಫಿಕ್ ಕರಾವಳಿಯ ಮೂಲನಿವಾಸಿಗಳಾದ ನಿಸ್ಗಾ ಜನರ ದಾರಿ ನನಗೆ ಸರಿಯೆನಿಸುತ್ತದೆ. 1887ರಲ್ಲಿ ಅವರ ಮುಖಂಡರು ವಿಕ್ಟೋರಿಯಾ ನಗರಕ್ಕೆ ಹೋಗಿ ತಮ್ಮ ನೆಲವನ್ನು ಕೇಳಿ ಬರಿಗೈಯಲ್ಲಿ ಮರಳಿದ್ದರು. 1973ರ ಕಾಲ್ಡರ್ ಮೊಕದ್ದಮೆಯಲ್ಲಿ ತಾಂತ್ರಿಕವಾಗಿ ಸೋತರೂ, ಮೂಲನಿವಾಸಿಗಳ ಭೂಹಕ್ಕು ಎಂಬುದೊಂದಿದೆ ಎಂದು ಸುಪ್ರೀಂ ಕೋರ್ಟ್‌ನಿಂದ ಹೇಳಿಸಿದರು. 2000ದಲ್ಲಿ ಜಾರಿಗೆ ಬಂದ ಅವರ ಒಪ್ಪಂದದಿಂದ ಸುಮಾರು 2,000 ಚದರ ಕಿಲೋಮೀಟರ್ ನೆಲವೂ ಸ್ವಂತ ಸರ್ಕಾರವೂ ದೊರೆತವು, ಸ್ಥಾನದ ನೋಂದಣಿಯೊಂದನ್ನು ಬಿಟ್ಟು ಇಂಡಿಯನ್ ಆಕ್ಟ್ ಅವರಿಗೆ ಅನ್ವಯಿಸುವುದು ನಿಂತಿತು. ಆ ಕಾಯ್ದೆಯಿಂದ ಅವರನ್ನು ಯಾರೂ ಹೊರಗೆ ತಳ್ಳಲಿಲ್ಲ. ಹೋಗಿ ನಿಲ್ಲಲು ಸ್ವಂತ ನೆಲ ಸಿದ್ಧವಾದ ಮೇಲೆ ಅವರೇ ಹೊರಬಂದರು.