ಮಜ್ಜಿಗೆ ತರೋಕೂ ಇಬ್ಬಿಬ್ಬರು

ನಮ್ಮೂರು ಮಂಡ್ಯದಿಂದ ಮದ್ದೂರಿನ ಕಡೆ ಹೋಗುವಾಗ ರಸ್ತೆಯಿಂದ ಒಂದಷ್ಟು ಒಳಗೆ. ನಾನು ಚಿಕ್ಕವನಿದ್ದಾಗ ನಮ್ಮ ಬೀದಿಯ ಒಂದು ಮನೆಗೆ ಮಕ್ಕಳು ಒಬ್ಬೊಬ್ಬರೇ ಹೋಗುವಂತಿರಲಿಲ್ಲ. ಮಜ್ಜಿಗೆ ಈಸ್ಕೊಂಡು ಬರೋಕೂ ಇಬ್ಬರು ಬೇಕು. "ಆ ಮನೆ ತಾವ್ಕೆ ಒಬ್ಳೇ ಹೋಗ್ಬ್ಯಾಡ ಕನವ್ವ" ಅಂತ ದೊಡ್ಡಮ್ಮ ನನ್ನ ಅಕ್ಕನಿಗೆ ಹೇಳುತ್ತಿದ್ದರು, ಅಷ್ಟೇ. ಯಾಕೆ ಅಂತ ಕೇಳಿದರೆ ತಲೆ ಮೇಲೊಂದು ಮೊಟಕು. ಊರಿಗೆ ಹೊಸದಾಗಿ ಬಂದ ಸೊಸೆಗೂ ತಿಂಗಳೊಳಗೆ ಹಿತ್ತಲಲ್ಲೋ ಬಟ್ಟೆ ಒಗೆಯುವ ಕಲ್ಲಿನ ಹತ್ತಿರವೋ ಈ ಮಾತು ಮುಟ್ಟಿಬಿಡುತ್ತಿತ್ತು.

ಹೆಂಗಸರು ಹೆಂಗಸರಿಗೆ ದಾಟಿಸಿಕೊಂಡು ಬಂದ ಕಾವಲು ಅದು. ಅದರಿಂದ ಎಷ್ಟೋ ಮಕ್ಕಳು ಉಳಿದಿರಬೇಕು. ಆದರೆ ಬೇಸಿಗೆ ರಜಕ್ಕೆ ನೆಂಟರ ಮನೆಗೆ ಬಂದ, ಯಾರೂ ಏನೂ ಹೇಳದ ಮಗು? ಅದರ ಗತಿ ಏನಾಯಿತೋ. ಆ ಮನೆಯ ಗಂಡಸಿಗಂತೂ ಯಾರೂ ಒಂದು ಮಾತು ಆಡಲಿಲ್ಲ. ಅವನು ಮದುವೆಗಳಲ್ಲಿ ಪಂಕ್ತಿಗೆ ಬಡಿಸುತ್ತಿದ್ದ, ದೇವರ ಉತ್ಸವದಲ್ಲಿ ಸತ್ತಿಗೆ ಹಿಡಿಯುತ್ತಿದ್ದ.

ಬರ್ಲಿನ್‌ಗೆ ಬಂದ ಹೊಸದರಲ್ಲಿ ಸಹೋದ್ಯೋಗಿಯೊಬ್ಬಳು ಇಲ್ಲಿನ ಷಾರಿಟೇ ಆಸ್ಪತ್ರೆಯ ಒಂದು ಯೋಜನೆಯ ಬಗ್ಗೆ ಹೇಳಿದಾಗ ನನಗೆ ಅಸಹ್ಯವೇ ಆಯಿತು. 2005ರಿಂದ ನಡೆಯುತ್ತಿರುವ ಅದರ ಹೆಸರನ್ನು ಕನ್ನಡಕ್ಕೆ ತಂದರೆ 'ಅಪರಾಧಿಯಾಗದಿರು' ಅಂತಾಗುತ್ತದೆ. ಮಕ್ಕಳತ್ತ ಲೈಂಗಿಕ ಸೆಳೆತವಿರುವ, ಅದಕ್ಕೆ ತಾನೇ ಹೆದರಿದ ವ್ಯಕ್ತಿ ಕೈ ಜಾರುವ ಮೊದಲೇ ಬಂದು ಚಿಕಿತ್ಸೆ ಪಡೆಯಲಿ ಅಂತ ಅವರು ಜಾಹೀರಾತು ಕೊಟ್ಟೇ ಕರೆದರು. ಗುಂಪಿನಲ್ಲಿ ಕೂರಿಸಿ ಮಾತಾಡಿಸುತ್ತಾರೆ, ಬೇಕಾದರೆ ಕಾಮವನ್ನು ತಗ್ಗಿಸುವ ಔಷಧಿಯನ್ನೂ ಕೊಡುತ್ತಾರೆ. ಮನೆಯಲ್ಲೇ ಕೂತು ಹೆಸರು ಹೇಳದೆ ಬಳಸಬಹುದಾದ 'ಟ್ರಬಲ್ಡ್ ಡಿಸೈರ್' ಅನ್ನುವ ಆನ್‌ಲೈನ್ ನೆರವೂ ಅವರದೇ. 2018ರಿಂದ ಈ ಚಿಕಿತ್ಸೆಗೆ ಆರೋಗ್ಯ ವಿಮೆಯ ಹಣ ಹೋಗತೊಡಗಿತು. ಅಂದರೆ ನನ್ನ ಸಂಬಳದಲ್ಲಿ ಹಿಡಿದುಕೊಳ್ಳುವ ದುಡ್ಡೂ. ಮೊದಲ ಸಲ ಲೆಕ್ಕ ಹಾಕಿದಾಗ ಹೊಟ್ಟೆ ಉರಿದದ್ದು ಸುಳ್ಳಲ್ಲ.

ಸಂಕ್ರಾಂತಿಗೆ ಊರಿಗೆ ಹೋದಾಗ ಇದನ್ನು ಅರಳಿಕಟ್ಟೆಯಲ್ಲಿ ಹೇಳಿದೆ. "ಅಂಥೋರ್ನ ಸಂಜಯ ಸರ್ಕಲ್ಲಲ್ಲಿ ನೇತಾಕ್ಬೇಕು ಕಣ್ಲಾ, ಔಸ್ದಿ ಕೊಡ್ತಾರಂತೆ ಔಸ್ದಿ" ಅಂದ ಗೆಳೆಯ. ಅವನಿಗೆ ಇಬ್ಬರು ಹೆಣ್ಣುಮಕ್ಕಳು. ನಾನು ಎದುರು ಮಾತಾಡಲಿಲ್ಲ. ಮಂಡ್ಯ ಜಿಲ್ಲೆಯ ಹಾಸ್ಟೆಲ್ ಒಂದರ ಹುಡುಗಿಯರು, ತಮ್ಮೊಂದಿಗೆ ಅಸಭ್ಯವಾಗಿ ನಡೆದುಕೊಂಡನೆಂದು ಮುಖ್ಯ ಶಿಕ್ಷಕನಿಗೆ ದೊಣ್ಣೆ ಹಿಡಿದು ಬಾರಿಸಿದ 2022ರ ಡಿಸೆಂಬರಿನ ವಿಡಿಯೊ ನಿಮ್ಮ ಮೊಬೈಲಿಗೂ ಬಂದಿರಬಹುದು. ಬರ್ಲಿನ್‌ನಲ್ಲಿ ಕೂತು ಅದನ್ನು ನಾನು ನಾಲ್ಕು ಸಲ ನೋಡಿದೆ, ಖುಷಿಯಾಗಿಯೇ ನೋಡಿದೆ. ಆಮೇಲೆ ಹೊಳೆದದ್ದು, ದೊಣ್ಣೆ ಹಿಡಿಯುವ ಹೊತ್ತಿಗೆ ಮಕ್ಕಳು ಎಷ್ಟು ದಿನ ಸಹಿಸಿರಬೇಕು ಅಂತ.

2007ರಲ್ಲಿ ಕೇಂದ್ರ ಸರ್ಕಾರ 13 ರಾಜ್ಯಗಳ 12,447 ಮಕ್ಕಳನ್ನು ಮಾತಾಡಿಸಿದಾಗ ಶೇ 53ರಷ್ಟು ಮಕ್ಕಳು ಒಂದಲ್ಲ ಒಂದು ಬಗೆಯ ಲೈಂಗಿಕ ಕಿರುಕುಳ ಅನುಭವಿಸಿದ್ದಾಗಿ ಹೇಳಿದರು. ಮಾಡಿದವರಲ್ಲಿ ಅರ್ಧದಷ್ಟು ಮಂದಿ ಮಗುವಿಗೆ ಗೊತ್ತಿದ್ದವರು, ಮಗು ನಂಬಿದ್ದವರು. ನೇತುಹಾಕಬೇಕಾದವನು ಮಾವನೋ ಮನೆಪಾಠದ ಮೇಷ್ಟ್ರೋ ಆದಾಗ ಕಟ್ಟೆಯ ಗಂಟಲು ಕಟ್ಟಿಹೋಗುತ್ತದೆ.

ಮಕ್ಕಳ ಮೇಲಿನ ಲೈಂಗಿಕ ಅಪರಾಧಗಳನ್ನು ತಡೆಯುವ ನಮ್ಮ ಪೋಕ್ಸೊ ಕಾಯ್ದೆ 2012ರ ನವೆಂಬರ್ 14ರಿಂದ ಜಾರಿಯಲ್ಲಿದೆ. ಅದರ 19ನೇ ಕಲಂ ಪ್ರಕಾರ ಅಪರಾಧ ನಡೆದದ್ದು ಗೊತ್ತಾದವರಷ್ಟೇ ಅಲ್ಲ, ನಡೆದೀತು ಎಂಬ ಅಂಜಿಕೆ ಇರುವವರೂ ಪೊಲೀಸರಿಗೆ ತಿಳಿಸಬೇಕು. ಜರ್ಮನಿಯಲ್ಲಿ ರೋಗಿ ಹಿಂದೆ ಮಾಡಿದ್ದನ್ನು ಹೇಳಿಕೊಂಡರೂ ವೈದ್ಯ ಪೊಲೀಸರಿಗೆ ಹೇಳಲೇಬೇಕೆಂಬ ಕಡ್ಡಾಯವಿಲ್ಲ. ಮಗುವೊಂದಕ್ಕೆ ಅಪಾಯ ಎದುರಿಗಿದ್ದರೆ ಗುಟ್ಟು ಮುರಿಯಬಹುದು. ಈ ವಿಷಯದಲ್ಲಿ ನನ್ನ ಓಟು ನಮ್ಮ ಕಾನೂನಿಗೇ. ನಡೆದದ್ದನ್ನು ಮುಚ್ಚಿಡುವುದು ನಮ್ಮಲ್ಲಿ ಮೊದಲೇ ಕರಗತ, ಅದಕ್ಕೆ ಇನ್ನೊಂದು ಕೌದಿ ಬೇಡ. ನನ್ನ ಕೊರಗು ಇನ್ನೂ ಏನೂ ಮಾಡದವನದು. ಇಪ್ಪತ್ತರ ಹುಡುಗನೊಬ್ಬ ಮೈಸೂರಿನ ಕೆ.ಆರ್. ಆಸ್ಪತ್ರೆಯ ಹೊರರೋಗಿಗಳ ಸಾಲಲ್ಲಿ ನಿಂತು, ತನಗೆ ಮಕ್ಕಳ ಬಗ್ಗೆ ಬರಬಾರದ ಯೋಚನೆ ಬರುತ್ತಿದೆ, ತಡೆಯಿರಿ ಅಂತ ಹೇಳಲು ಧೈರ್ಯ ಮಾಡಿಯಾನೇ? ಅವನ ಹಿಂದೆ ನಿಂತವರಿಗೆ ಕೇಳಿಸಿದರೆ ಆಸ್ಪತ್ರೆಯಿಂದ ನೆಟ್ಟಗೆ ಹೊರಗೆ ಬಂದಾನೇ? ಪುಣೆಯ ಕೆಇಎಂ ಆಸ್ಪತ್ರೆಯ ಸಂಶೋಧನಾ ಕೇಂದ್ರ ಷಾರಿಟೇ ಜೊತೆ ಸೇರಿ ಇಂಥವರಿಗಾಗಿ ಕೆಲಸ ಆರಂಭಿಸಿತು. ಹಾಗಾಗಿ ಇದು ಬಿಳಿಯರ ನಾಡಿನ ಶೋಕಿ ಅಂತ ತಳ್ಳಿಹಾಕುವ ಹಾಗಿಲ್ಲ.

ಇನ್ನು ಇಂಥ ಸೆಳೆತವಿರುವವರು ಆನ್‌ಲೈನಿನಲ್ಲಿ ಒಬ್ಬರಿಗೊಬ್ಬರು ಆಸರೆಯಾಗಲಿ ಅನ್ನುವ ಮಾತೂ ಇದೆ. ನಮ್ಮ ಕಡೆಯವರಿಗೆ ಮದ್ಯವರ್ಜನ ಶಿಬಿರ ಗೊತ್ತು. ಕುಡಿತ ಬಿಟ್ಟವನು ಬಿಡಬೇಕಾದವನ ಪಕ್ಕ ಕೂತು ಹೇಳಿದರೆ ಡಾಕ್ಟರ್ ಹೇಳಿದ್ದಕ್ಕಿಂತ ನಾಟುತ್ತದೆ. ನಮ್ಮ ಚಿಕ್ಕಪ್ಪ ಬಿಟ್ಟದ್ದೂ ಹಾಗೇ. ಆದರೆ ಇಬ್ಬರು ಕುಡುಕರು ಕೂತಲ್ಲಿ ಮೂರನೆಯ ಬಾಟ್ಲಿ ತೆರೆಯುವುದೂ ಉಂಟಲ್ಲ? ಈ ಸೆಳೆತವಿರುವವರು ತಾವು ತಾವೇ ಸೇರಿದರೆ 'ಇದರಲ್ಲೇನು ತಪ್ಪು' ಅಂತ ಒಬ್ಬರಿಗೊಬ್ಬರು ಜೋಲಿ ತೂಗುವ ಅಪಾಯ ದೊಡ್ಡದು. ತರಬೇತಾದ ಒಬ್ಬರು ನಡುವೆ ಕೂತಿರಬೇಕು, ಚಿತ್ರ ಸುಳಿಯಕೂಡದು, ಯಾವ ಮಗುವಿನ ಹೆಸರೂ ಗುರುತೂ ಬರಕೂಡದು. 'ಬರೀ ನೋಡಿದೆ' ಅನ್ನುವವನಿಗೆ ಸಲಿಗೆಯೂ ಇಲ್ಲ. ಅಂಥ ದೃಶ್ಯಗಳನ್ನು ನೋಡುವುದು, ಇಟ್ಟುಕೊಳ್ಳುವುದು ಅಪರಾಧವೇ ಅಂತ ಸುಪ್ರೀಂ ಕೋರ್ಟ್ 2024ರ ಸೆಪ್ಟೆಂಬರಿನಲ್ಲಿ ಹೇಳಿ ಆಗಿದೆ.

ನನಗೆ ಅದಕ್ಕಿಂತ ಹಿಡಿಸಿದ್ದು ಬ್ರಿಟನ್ನಿನ ಕ್ರಮ. ಅಲ್ಲಿನ 'ಸ್ಟಾಪ್ ಇಟ್ ನೌ' ಸಹಾಯವಾಣಿಗೆ ಹೆಸರು ಹೇಳದೆ ಕರೆ ಮಾಡಬಹುದು. ಇಂಥ ಸೆಳೆತವಿರುವ ಗಂಡಸಿಗಷ್ಟೇ ಅಲ್ಲ, ಅವನ ಹೆಂಡತಿ, ತಾಯಿ, ಅಕ್ಕತಂಗಿಯರಿಗೂ ಅಲ್ಲಿ ಕಿವಿಯಿದೆ. ಇಂಥದ್ದೇ ಸಿಡಿಲು ಬಡಿದ ಬೇರೆ ಮನೆಯ ಹೆಂಗಸರ ಜೊತೆ ಆನ್‌ಲೈನಿನಲ್ಲಿ ಮಾತಾಡಲು ಅವರಿಗೆ ಜಾಗವೂ ಇದೆ. ನಮ್ಮಲ್ಲೂ 2022ರಿಂದ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್ ಇದೆ, 14416ಕ್ಕೆ ಒತ್ತಿದರೆ ಕನ್ನಡದಲ್ಲೇ ಮಾತಾಡಬಹುದು. ಮಗುವಿಗೆ ಮಕ್ಕಳ ಸಹಾಯವಾಣಿ 1098 ಇದೆ. ಅಂಥ ಮಗನ ತಾಯಿಯ ಕರೆ ಬಂದರೆ ಬೆಚ್ಚಿ ಫೋನ್ ಇಡದಂಥ ಸಲಹೆಗಾರರನ್ನು 14416ರಲ್ಲಿ ತಯಾರು ಮಾಡುವುದಕ್ಕೆ ಹೊಸ ಕಟ್ಟಡವೇನೂ ಬೇಡ.

ಹೊರಡುವ ಹಿಂದಿನ ರಾತ್ರಿ ದೊಡ್ಡಮ್ಮನನ್ನು ಆ ಮನೆಯ ಬಗ್ಗೆ ಕೇಳಿದೆ. ಈಗ ಮೊಟಕುವ ಶಕ್ತಿ ಅವರ ಕೈಯಲ್ಲಿಲ್ಲ. ಎಲೆ ಅಡಿಕೆ ಜಗಿಯುತ್ತಾ ಸುಮಾರು ಹೊತ್ತು ಸುಮ್ಮನಿದ್ದು ಹೇಳಿದರು: "ಅವ್ನ್ ಅವ್ವ ಒಂದಿನ ಮೂರ್ಸಂಜೇಲಿ ನನ್ ತಾವ ಬಂದಿದ್ಲು ಕಪ್ಪ. ಏನೋ ಹೇಳ್ಬೇಕು ಅಂತ ಸೆರಗು ಬಾಯಿಗಿಟ್ಕಂಡು ಕೂತಿದ್ಲು. ನಂಗೂ ಗೊತ್ತಿತ್ತು ಅವ್ಳು ಏನ್ ಹೇಳ್ತಾಳೆ ಅಂತ. ಕಾಪಿ ಕೊಟ್ಟು ಕಳ್ಸ್ಬುಟ್ಟೆ."