ಕಾಲಡಿಗೆ ಐಸು, ಕುತ್ತಿಗೆಗೆ ನೋವು

ಎಲ್ಲದಕ್ಕೂ ಆಗುತ್ತೆ ಅಂತ ಕಟ್ಟಿದ ಕಟ್ಟಡಗಳ ಮೇಲೆ ನನಗೊಂದು ಅನುಮಾನ ಇದೆ. ಒಳಾಂಗಣ ಅರೇನಾ ಅಂತೀವಲ್ಲ, ಅದರ ಮಾತು. ಒಂದು ದಿನ ಬಾಸ್ಕೆಟ್‌ಬಾಲ್, ಇನ್ನೊಂದು ದಿನ ಐಸ್ ಹಾಕಿ, ವಾರದ ಕೊನೆಗೆ ಯಾರೋ ಗಾಯಕರ ಕಾರ್ಯಕ್ರಮ, ನಡುವೆ ಬಿಡುವಿದ್ದರೆ ಕುಸ್ತಿ. ಹಳೆಯ ಬಾಡಿಗೆದಾರ ಸಾಮಾನು ಖಾಲಿ ಮಾಡುವ ಮೊದಲೇ ಹೊಸಬರು ಬಂದು ಹಾಲು ಉಕ್ಕಿಸಿದ ಹಾಗೆ. ಆಟಗಾರರಿಗೆ ಬೇಕಾದದ್ದು ಹಾಡುಗಾರರಿಗೆ ಬೇಡ. ಹಾಡುಗಾರರಿಗೆ ಬೇಕಾದದ್ದು ಆಟಗಾರರಿಗೆ ಆಗಿಬರುವುದಿಲ್ಲ. ಇವರಿಬ್ಬರ ನಡುವೆ ಮೈಕೈ ನೋಯಿಸಿಕೊಳ್ಳುವವರು ಮಾತ್ರ ದುಡ್ಡು ಕೊಟ್ಟು ಬಂದ ನಾವು.

ಮೊದಲು ಕುತ್ತಿಗೆಯ ವಿಚಾರ. ಅರೇನಾದ ಸೀಟುಗಳೆಲ್ಲ ಅಂಕಣದ ನಡುವಿನ ಕಡೆಗೆ ಮುಖ ಮಾಡಿರುತ್ತವೆ. ಚೆಂಡು ಅತ್ತ ಇತ್ತ ಓಡಾಡುತ್ತಿರುತ್ತದೆ, ನಮ್ಮ ತಲೆಯೂ ಅದರ ಜೊತೆ ಓಡಾಡುತ್ತದೆ, ಲೆಕ್ಕ ಸರಿಹೋಗುತ್ತದೆ. ಆದರೆ ಸಂಗೀತ ಅಂದರೆ ವೇದಿಕೆಯನ್ನು ಒಂದು ತುದಿಯಲ್ಲಿ ಕಟ್ಟುತ್ತಾರೆ. ಉದ್ದದ ಬದಿಯಲ್ಲಿ ಕೂತವರ ಮೊಣಕಾಲು ಖಾಲಿ ಗೋಡೆಯನ್ನು ನೋಡುತ್ತಿರುತ್ತದೆ, ಮುಖ ಮಾತ್ರ ಎಡಕ್ಕೆ. ಎರಡೂವರೆ ಗಂಟೆ ಎಡಕ್ಕೆ! ನಾನು ಮನೆಗೆ ಬಂದ ಮೇಲೂ ಎಡಕ್ಕೇ ನೋಡುತ್ತಿದ್ದೆ. ನನ್ನಾಕೆ ಬಲಗಡೆ ನಿಂತು ಏನೋ ಹೇಳಿದಳು. ನಾನು ತಿರುಗಲಿಲ್ಲ. ತಿರುಗುವುದಕ್ಕೆ ಆಗುತ್ತಿರಲಿಲ್ಲ. ಆಕೆ ಅದನ್ನು ಬೇರೆಯೇ ರೀತಿ ಅರ್ಥ ಮಾಡಿಕೊಂಡಳು. ಕುತ್ತಿಗೆ ಎರಡು ದಿನಕ್ಕೆ ಸರಿಹೋಯಿತು, ಅದು ಇನ್ನೂ ಸ್ವಲ್ಪ ಬಾಕಿ ಇದೆ.

ಹಾಗಾಗಿ ಮುಂದಿನ ಸಲ ಆಕೆಯೇ ಟಿಕೆಟ್ ತೆಗೆದಳು. ಕೆಳಗೆ, ನೆಲದ ಮೇಲೆ, ವೇದಿಕೆಗೆ ನೇರ ಎದುರು. ನಕ್ಷೆಯಲ್ಲಿ ಅದಕ್ಕಿಂತ ಒಳ್ಳೆಯ ಜಾಗ ಇರಲಿಲ್ಲ. ಹೋಗಿ ನೋಡಿದರೆ ನಮ್ಮ ಮುಂದೆ ಒಂದು ಸಣ್ಣ ಮನೆಯಷ್ಟು ದೊಡ್ಡ ಧ್ವನಿ ನಿಯಂತ್ರಣದ ಮೇಜು. ಸೌಂಡ್ ಎಂಜಿನಿಯರುಗಳಿಗೆ ಜನ ಕೇಳುವ ಜಾಗದಿಂದಲೇ ಕೇಳಿಸಬೇಕಂತೆ. ಅದಕ್ಕೇ ಸಾಮಾನ್ಯವಾಗಿ ಜನರ ನಡುವೆ, ವೇದಿಕೆಗೆ ನೇರವಾಗಿ ಇರುವ ಜಾಗವನ್ನು ಅವರೇ ಹಿಡಿಯುತ್ತಾರೆ. ಅಂದರೆ ನಮ್ಮದು ಎರಡನೇ ಅತ್ಯುತ್ತಮ ಜಾಗ, ಅತ್ಯುತ್ತಮ ಜಾಗದ ಸರಿಯಾಗಿ ಹಿಂದೆ. ಗಾಯಕರ ಬದಲು ಒಬ್ಬ ಉದ್ದ ಕೂದಲಿನ ಎಂಜಿನಿಯರನ ಬೆನ್ನನ್ನು ನಾವು ಬಹಳ ಹೊತ್ತು ನೋಡಿದೆವು. ಒಳ್ಳೆಯ ಕೆಲಸಗಾರ. ಒಮ್ಮೆಯೂ ಕೂತಿದ್ದು ಕಾಣಲಿಲ್ಲ. ಕೂತಿದ್ದರೆ ನಮಗೆ ವೇದಿಕೆ ಕಾಣುತ್ತಿತ್ತು.

ಮೇಲಿನ ಸಾಲುಗಳಲ್ಲಿ ಕೂತರೆ ತೊಂದರೆ ಬೇರೆ. ಬೆಳಕು ತಕ್ಷಣ ತಲುಪುತ್ತದೆ, ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ನಡೆದುಕೊಂಡು ಬರಬೇಕು. 100 ಮೀಟರ್ ದೂರ ಇದ್ದರೆ 0.3 ಸೆಕೆಂಡು ತಡ. ದೊಡ್ಡ ಪರದೆಯಲ್ಲಿ ಗಾಯಕಿಯ ಬಾಯಿ ಮುಚ್ಚಿದ ಮೇಲೆ ಹಾಡಿನ ಸಾಲು ಮುಗಿಯುತ್ತದೆ. ಚಪ್ಪಾಳೆಯ ಕಥೆಯೂ ಅಷ್ಟೆ. ಕೆಳಗಿನವರು ಒಂದು ತಾಳ ಹಾಕುತ್ತಾರೆ, ಮೇಲಿನವರು ಅದನ್ನು ಕೇಳಿ ಇನ್ನೊಂದು ಹಾಕುತ್ತಾರೆ, ಡ್ರಮ್ಮಿನವನು ಮೂರನೆಯದು. ಮೇಲಾಗಿ ಪ್ರತಿಧ್ವನಿ. ಆಟಕ್ಕೆ ಗದ್ದಲ ಬೇಕು, ಗದ್ದಲ ಗೋಡೆಗೆ ಬಡಿದು ವಾಪಸ್ ಬಂದಷ್ಟೂ ಮನೆಯ ತಂಡಕ್ಕೆ ಹುರುಪು. ಹಾಡಿಗೆ ಅದೇ ಶತ್ರು. ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲ್ 1871ರಲ್ಲಿ ಶುರುವಾದಾಗಿನಿಂದ ಪ್ರತಿಧ್ವನಿಗೆ ಹೆಸರುವಾಸಿ. ಅಲ್ಲಿ ಮಾತ್ರ ಒಂದೇ ಟಿಕೆಟ್ಟಿಗೆ ಸಂಗೀತವನ್ನು ಎರಡು ಸಲ ಕೇಳಬಹುದು ಅಂತ ಹಳೆಯ ತಮಾಷೆಯೇ ಇದೆ. ಕೊನೆಗೆ 1969ರಲ್ಲಿ ಚಾವಣಿಯಿಂದ ಫೈಬರ್‌ಗ್ಲಾಸ್ ತಟ್ಟೆಗಳನ್ನು ನೇತುಹಾಕಿ ಅದನ್ನು ಸುಮ್ಮನಿರಿಸಿದರು. ಜನ ಅವನ್ನು ಅಣಬೆ ಅಂತ ಕರೆಯುತ್ತಾರೆ. ಆ ಅಣಬೆಗಳ ಕೆಳಗೆ 1991ರಲ್ಲಿ ಸುಮೋ ಕುಸ್ತಿಯೂ ನಡೆಯಿತು. ಇಂಥ ಕಟ್ಟಡಗಳಿಗೆ ನಾಚಿಕೆ ಅನ್ನೋದೇ ಇಲ್ಲ.

ಇಷ್ಟಾದರೂ ಸಹಿಸಿಕೊಳ್ಳಬಹುದು. ನನಗೆ ಇವತ್ತಿಗೂ ಬಗೆಹರಿಯದ್ದು ಏನು ಹಾಕಿಕೊಂಡು ಹೋಗಬೇಕು ಅನ್ನೋದು.

ಬ್ಯಾಡ್ಮಿಂಟನ್ ನೋಡಲು ಹೋದ ದಿನ ಸ್ವೆಟರ್ ಹಾಕಿಕೊಂಡಿದ್ದೆ. ಅಷ್ಟು ದೊಡ್ಡ ಹಾಲ್, ಏಸಿ ಜೋರಾಗಿರುತ್ತೆ ಅಂತ. ಆದರೆ ಶಟಲ್ ಕಾಕ್ ಅಂದರೆ 16 ಗರಿ, ಒಟ್ಟು ತೂಕ ಐದು ಗ್ರಾಂ ಆಸುಪಾಸು. ಏಸಿಯ ಗಾಳಿ ಸ್ವಲ್ಪ ಬೀಸಿದರೂ ಅದು ಆಟಗಾರನ ಮಾತು ಬಿಟ್ಟು ಗಾಳಿಯ ಮಾತು ಕೇಳುತ್ತದೆ. ಗೆರೆಯೊಳಗೆ ಬೀಳಬೇಕಾದದ್ದು ಹೊರಗೆ, ಹೊರಗಿನದ್ದು ಒಳಗೆ. ಆಟಗಾರರು ಒಂದು ಬದಿಯಲ್ಲಿ ಗೆದ್ದು ಅಂಕಣ ಬದಲಾಯಿಸಿದ ಮೇಲೆ ಇನ್ನೊಂದು ಬದಿಯಲ್ಲಿ ಸೋಲುತ್ತಾರೆ. ಹಾಗಾಗಿ ಅವತ್ತು ಗಾಳಿಯನ್ನು ಪೂರಾ ತಗ್ಗಿಸಿದ್ದರು. ಶಟಲ್ಲಿಗೆ ಸುಖ. ಸಾವಿರಾರು ಜನ, ಮೇಲೆ ದೀಪಗಳು, ನಾನು ಉಣ್ಣೆಯೊಳಗೆ. ಸ್ವೆಟರ್ ಬಿಚ್ಚೋಣ ಅಂದರೆ ಒಳಗಿನ ಅಂಗಿಯ ಎರಡು ಗುಂಡಿ ಕಿತ್ತುಹೋಗಿದ್ದವು. ಸ್ವೆಟರ್ ಇದೆಯಲ್ಲ, ಯಾರು ನೋಡುತ್ತಾರೆ ಅಂತ ಅದನ್ನೇ ಹಾಕಿಕೊಂಡು ಬಂದಿದ್ದೆ. ಮೂರನೇ ಗೇಮಿನ ಹೊತ್ತಿಗೆ ಆಟಗಾರರಿಗಿಂತ ಜಾಸ್ತಿ ಬೆವರಿದ್ದವನು ನಾನೇ. ಅವರಿಗಾದರೆ ಟವೆಲ್ ಕೊಡುತ್ತಾರೆ.

ಈ ಪಾಠ ಕಲಿತು ಮುಂದಿನ ಸಂಗೀತಕ್ಕೆ ತೆಳು ಅಂಗಿ, ಚಪ್ಪಲಿ ಹಾಕಿಕೊಂಡು ಹೋದೆ. ಅದೇ ಅರೇನಾ. ಅರ್ಧ ಗಂಟೆಯಲ್ಲಿ ಪಾದ ಜೋಮು ಹಿಡಿಯಿತು. ಪಕ್ಕದವರನ್ನು ಕೇಳಿದರೆ, "ಕೆಳಗೆ ಐಸ್ ಇದೆಯಲ್ಲ ಸಾರ್" ಅಂದರು, ನೆಲ ಅಂದಮೇಲೆ ಐಸ್ ಇರಲೇಬೇಕು ಅನ್ನುವ ಹಾಗೆ.

ವಿಷಯ ಹೀಗಿದೆ. ಹಾಕಿ ಋತುವಿನಲ್ಲಿ ಐಸನ್ನು ದಿನಾ ಕರಗಿಸಿ ದಿನಾ ಗಟ್ಟಿ ಮಾಡುವುದಕ್ಕೆ ಆಗುವುದಿಲ್ಲ. ಕಾಂಕ್ರೀಟಿನೊಳಗೆ ಕೊಳವೆಗಳು, ಅದರಲ್ಲಿ ಹೆಪ್ಪುಗಟ್ಟದ ತಣ್ಣನೆಯ ದ್ರವ, ಮೇಲೆ ಇಂಚು ಇಂಚೂಕಾಲು ದಪ್ಪದ ಐಸ್. ತೆಳು ತೆಳುವಾಗಿ ನೀರು ಹಾಯಿಸಿ ಪದರದ ಮೇಲೆ ಪದರ ಕಟ್ಟಿದ್ದು. ಬೇರೆ ಕಾರ್ಯಕ್ರಮ ಬಂದರೆ ಅದರ ಮೇಲೆ ಶಾಖ ತಡೆಯುವ ಹಲಗೆ ಜೋಡಿಸಿ ಕುರ್ಚಿ ಹಾಕುತ್ತಾರೆ. ಬಾಸ್ಕೆಟ್‌ಬಾಲ್ ಆದರೆ ಆ ಹಲಗೆಯ ಮೇಲೆ ಮೇಪಲ್ ಮರದ ಅಂಕಣ, ತುಂಡು ತುಂಡಾಗಿ. ಅಂದರೆ ಐಸಿನ ಮೇಲೆ ಹಲಗೆ, ಹಲಗೆಯ ಮೇಲೆ ಮರ, ಮರದ ಮೇಲೆ ಏಳಡಿ ಮನುಷ್ಯರು. ಹೊರಗಿನ ಸೆಖೆಯ ಗಾಳಿ ಒಳಗೆ ನುಗ್ಗಿದರೆ ಮರ ಬೆವರುತ್ತದೆ, ಏಳಡಿ ಮನುಷ್ಯರು ಜಾರುತ್ತಾರೆ. ನೆಲ ಒದ್ದೆಯಾಗಿ ಆಟವನ್ನೇ ನಿಲ್ಲಿಸಿದ್ದೂ ಉಂಟು. ಇದನ್ನೆಲ್ಲ ಕೇಳಿದ ಮೇಲೆ ನನ್ನ ಪಾದದ ದೂರು ಬಹಳ ಸಣ್ಣದು ಅನಿಸಿತು. ಆದರೆ ಜೋಮು ಬಿಡಲಿಲ್ಲ.

ಐಸು ಮತ್ತು ಸೆಖೆ ಒಂದೇ ಕಡೆ ಸೇರಿದರೆ ಏನಾಗುತ್ತೆ ಅಂತ ತಿಳಿಯಬೇಕಾದರೆ ಅಮೆರಿಕದ ಬಫಲೋ ಊರಿನವರನ್ನು ಕೇಳಬೇಕು. 1975ರ ಮೇ 20, ಐಸ್ ಹಾಕಿಯ ದೊಡ್ಡ ಪ್ರಶಸ್ತಿಯಾದ ಸ್ಟಾನ್ಲಿ ಕಪ್ಪಿನ ಫೈನಲ್ ಸರಣಿ, ಅದರ ಮೂರನೇ ಪಂದ್ಯ. ಅಲ್ಲಿನ ಮೆಮೋರಿಯಲ್ ಆಡಿಟೋರಿಯಮ್ಮಿಗೆ ಏಸಿ ಇರಲಿಲ್ಲ. ಹೊರಗೆ ಸೆಖೆ, ಕೆಳಗೆ ಐಸ್. ಅಂಕಣದ ಮೇಲೆ ಮಂಜು ಕವಿದುಕೊಂಡಿತು. ಚೆಂಡಿನ ಬದಲು ಆಡುವ ಪಕ್ ಎಲ್ಲಿದೆ ಅಂತ ಗೋಲ್‌ಕೀಪರಿಗೇ ಕಾಣುತ್ತಿರಲಿಲ್ಲ. ಆಟ ನಿಲ್ಲಿಸಿ ಆಟಗಾರರನ್ನೇ ಸುತ್ತ ಸ್ಕೇಟ್ ಮಾಡಿಸಿ ಮಂಜನ್ನು ಚದುರಿಸಬೇಕಾಯಿತು. ಕೋಟಿಗಟ್ಟಲೆ ಬೆಲೆಯ ಫೈನಲ್, ಆಟಗಾರರೇ ಫ್ಯಾನು! ಇದು ಸಾಲದು ಅಂತ ಒಂದು ಬಾವಲಿ ಬಂದು ಹಾರಾಡತೊಡಗಿತು. ಜಿಮ್ ಲೊರೆಂಟ್ಸ್ ಅನ್ನುವ ಆಟಗಾರ ಅದನ್ನು ಹಾಕಿ ಕೋಲಿನಿಂದ ಹೊಡೆದು ಕೆಡವಿದ. ಬಾವಲಿಗಳಿಗೆ ಅರೇನಾ ಮೇಲಿನ ಮೋಹ ಅಷ್ಟಕ್ಕೇ ಬಿಡಲಿಲ್ಲ. 2009ರ ಅಕ್ಟೋಬರ್ 31ರಂದು ಸ್ಯಾನ್ ಆಂಟೋನಿಯೋದ ಬಾಸ್ಕೆಟ್‌ಬಾಲ್ ಪಂದ್ಯದಲ್ಲಿ ಇನ್ನೊಂದು ಬಂತು. ಆಟಗಾರ ಮನು ಜಿನೋಬಿಲಿ ಬರಿಗೈಯಲ್ಲೇ ಅದನ್ನು ಹೊಡೆದು ಬೀಳಿಸಿದರು, ಜನ ಎದ್ದುನಿಂತು ಚಪ್ಪಾಳೆ ತಟ್ಟಿದರು. ಆಮೇಲೆ ಅವರು ರೇಬೀಸ್ ಚುಚ್ಚುಮದ್ದು ತೆಗೆದುಕೊಳ್ಳಬೇಕಾಯಿತು. ಚಪ್ಪಾಳೆ ತಟ್ಟಿದವರು ಆರಾಮಾಗಿ ಮನೆಗೆ ಹೋದರು.

ಲಂಡನ್ನಿನ ವೆಂಬ್ಲಿ ಅರೇನಾ 1934ರಲ್ಲಿ ಕಟ್ಟಿದಾಗ ಈಜುಕೊಳ. 1948ರ ಒಲಿಂಪಿಕ್ಸ್ ಆದ ಮೇಲೆ ಅಲ್ಲಿ ಯಾರೂ ಈಜಲಿಲ್ಲ, ಎಲ್ಲರೂ ಅದರ ಮೇಲೇ ಹಾಡಿದರು, ಕುಣಿದರು. ಜಪಾನಿನ ಸೈತಾಮಾ ಸೂಪರ್ ಅರೇನಾ ಇನ್ನೂ ಒಂದು ಹೆಜ್ಜೆ ಮುಂದೆ. ಸುಮಾರು 9,000 ಸೀಟುಗಳಿರುವ 15,000 ಟನ್ನಿನ ಒಂದು ಭಾಗವೇ 70 ಮೀಟರ್ ಜರುಗುತ್ತದೆ, ಜನ ಜಾಸ್ತಿ ಬಂದರೆ ಹಿಂದಕ್ಕೆ, ಕಡಿಮೆ ಆದರೆ ಮುಂದಕ್ಕೆ. ನಿಂತಲ್ಲೇ ನಿಂತ ಅರೇನಾದಲ್ಲೇ ಶೌಚಾಲಯಕ್ಕೆ ಹೋಗಿಬರುವಷ್ಟರಲ್ಲಿ ಸೀಟು ಕಳೆದುಕೊಳ್ಳುವ ನನ್ನಂಥವರು ಅಲ್ಲಿಗೆ ಹೋಗದಿರುವುದೇ ವಾಸಿ.

ಆ ಜೋಮು ಹಿಡಿದ ರಾತ್ರಿಯ ಕಥೆ ಅಲ್ಲಿಗೇ ಮುಗಿಯಲಿಲ್ಲ. ಕೊನೆಯ ಹಾಡಿಗೆ ಎಲ್ಲರೂ ಎದ್ದು ಕುಣಿದರು. ನನ್ನಾಕೆಯೂ ಕುಣಿದಳು. ಚೀಲದ ಬಾಯಿ ತೆರೆದೇ ಇತ್ತು. ಮನೆ ಕೀ ಹಾರಿ ಅಂಚಿನ ಹಲಗೆಗೂ ಹಾಕಿ ಅಂಕಣದ ಸುತ್ತಲಿನ ಗೋಡೆಗೂ ನಡುವಿನ ಸಂದಿಯೊಳಗೆ ಹೋಗಿ ಬಿತ್ತು. ಟಣ್ ಅಂತ ಕೇಳಿಸಿತು ಕೂಡ. ಅಷ್ಟು ಗದ್ದಲದಲ್ಲಿ ಇಡೀ ಸಂಜೆ ನನಗೆ ಸ್ಪಷ್ಟವಾಗಿ ಕೇಳಿಸಿದ್ದು ಅದೊಂದೇ.

ಜನ ಖಾಲಿಯಾಗುವ ಮೊದಲೇ ಕೆಲಸಗಾರರು ಬಂದರು. ಒಂದು ಕಡೆ ಕುರ್ಚಿ ಮಡಚುತ್ತಿದ್ದಾರೆ, ಇನ್ನೊಂದು ಕಡೆ ಚಾವಣಿಗೆ ನೇತುಹಾಕಿದ ಸ್ಪೀಕರುಗಳು ಸರಪಳಿಯಲ್ಲಿ ಕೆಳಗಿಳಿಯುತ್ತಿವೆ, ಮೂರನೆಯ ಕಡೆ ಫೋರ್ಕ್‌ಲಿಫ್ಟು ಮರದ ತುಂಡುಗಳನ್ನು ಹೊತ್ತು ತರುತ್ತಿದೆ. ಬೆಳಗಾಗುವುದರೊಳಗೆ ಬಾಸ್ಕೆಟ್‌ಬಾಲ್ ಅಂಕಣ ಎದ್ದು ನಿಲ್ಲಬೇಕು. ಹಾಡಿಗಿಂತ ಇದನ್ನೇ ಟಿಕೆಟ್ ಇಟ್ಟು ತೋರಿಸಬೇಕಿತ್ತು, ನಿಜವಾಗಿ ಹೇಳ್ತೀನಿ. ಒಬ್ಬರನ್ನು ನಿಲ್ಲಿಸಿ ಕೀ ವಿಷಯ ಹೇಳಿದೆ.

"ಈಗ ಹಲಗೆ ಎತ್ತಲ್ಲ ಸಾರ್. ನಾಳೆ ಇದರ ಮೇಲೇ ಆಟ."

"ಮತ್ತೆ ಯಾವಾಗ ಎತ್ತುತ್ತೀರಿ?"

"ಹಾಕಿ ಬಂದಾಗ. ಮುಂದಿನ ವಾರ."

"ಅಲ್ಲೀವರೆಗೆ ನಾವೆಲ್ಲಿ ಮಲಗೋದು ರೀ?" ಅಂತ ನನ್ನಾಕೆ ಕೇಳಿದಳು. ಅವರನ್ನಲ್ಲ, ನನ್ನನ್ನು.

ಮಧ್ಯರಾತ್ರಿ ಬೀಗದವನನ್ನು ಎಬ್ಬಿಸಿ ಕರೆತಂದು, ಬೀಗ ಒಡೆಸಿ, ಮಾರನೇ ದಿನ ಹೊಸ ಬೀಗ ಹಾಕಿಸಿದೆವು. ವಾರದ ಮೇಲೆ ಅರೇನಾದಿಂದ ಫೋನ್ ಬಂತು. ಕೀ ಸಿಕ್ಕಿದೆಯಂತೆ, ಐಸಿಗೆ ಅಂಟಿಕೊಂಡಿದ್ದನ್ನು ಬಿಡಿಸಿ ತೆಗೆದಿದ್ದಾರಂತೆ. ಕಳೆದುಹೋದ ವಸ್ತುಗಳ ಕೌಂಟರಿನಲ್ಲಿ ಬಂದು ತೆಗೆದುಕೊಳ್ಳಬೇಕು. ಕೌಂಟರು ಕಾರ್ಯಕ್ರಮ ಇರುವ ದಿನ ಮಾತ್ರ ತೆರೆದಿರುತ್ತದೆ. ಅದು ಗೇಟಿನ ಒಳಗಿದೆ. ಗೇಟಿನ ಒಳಗೆ ಟಿಕೆಟ್ ಇದ್ದವರನ್ನು ಮಾತ್ರ ಬಿಡುತ್ತಾರೆ.

ಆ ಕೀಗೆ ಈಗ ಬೀಗವೇ ಇಲ್ಲ, ಬಿಟ್ಟುಬಿಡೋಣ ಅಂದೆ. ಅದಕ್ಕೆ ಕಟ್ಟಿರುವ ಕೀಚೈನು ತನ್ನ ತಂಗಿ ಕೊಟ್ಟಿದ್ದು ಅಂದಳು. ಮುಂದಿನ ಕಾರ್ಯಕ್ರಮ ಕುಸ್ತಿ. ಎರಡು ಟಿಕೆಟ್ ತೆಗೆದಿದ್ದಾಳೆ, ಸೀಟು ಯಾವ ಕಡೆ ಅಂತ ಇನ್ನೂ ಹೇಳಿಲ್ಲ.